ಗ್ರಂಥಾಲಯ ಕರ ನಾವು ಕಟ್ಟಿದ್ದೀವಿ, ಪುಸ್ತಕ ಎಲ್ಲಿ?

ಮೊನ್ನೆ ಬೀರು ತೆಗೆದು ಹುಡುಕ್ತಾ ಇದ್ದಾಗ ಏಪ್ರಿಲ್‌ನಲ್ಲಿ ಕಟ್ಟಿದ ಮನೆ ತೆರಿಗೆ ರಸೀದಿ ಸಿಕ್ತು. ತೆರಿಗೆ 2,400 ರೂಪಾಯಿ, ಅದರ ಕೆಳಗೆ ಆರೋಗ್ಯ ಕರ, ಭಿಕ್ಷುಕರ ಕರ, ಮತ್ತೆ ಗ್ರಂಥಾಲಯ ಕರ 144 ರೂಪಾಯಿ. ನೂರಕ್ಕೆ ಆರು. ಇದು ನಿನ್ನೆ ಮೊನ್ನೆ ಬಂದ ಕರ ಅಲ್ಲ, 1965ರ ಸಾರ್ವಜನಿಕ ಗ್ರಂಥಾಲಯ ಕಾಯ್ದೆಯಲ್ಲೇ ಇದೆ, ನಮ್ಮಪ್ಪನೂ ಕಟ್ಟಿದ್ರು, ಈಗ ನಾನೂ ಕಟ್ತಿದೀನಿ.

ಊರ ಹೆಸರು ಬೇಡ, ಕಾರವಾರದಿಂದ ಭಟ್ಕಳದ ನಡುವೆ ಸಮುದ್ರದ ಬದಿಯ ಒಂದು ಪೇಟೆ ಅಂತ ಇಟ್ಕೊಳ್ಳಿ. ಮಗಳು ಪಿಡಿಒ ಪರೀಕ್ಷೆಗೆ ಓದ್ತಿದಾಳೆ. ಲೈಬ್ರರಿಯಿಂದ ಒಂದು ಸಾಮಾನ್ಯ ಜ್ಞಾನದ ಪುಸ್ತಕ ತಂದಿದ್ಲು, ಥಂಡಿ ಹಿಡಿದು ಹಾಳೆಗಳೆಲ್ಲ ಒಂದಕ್ಕೊಂದು ಅಂಟ್ಕೊಂಡಿದ್ವು, ಮೆಲ್ಲ ಬಿಡಿಸಿದ್ರೆ ಒಂದು ಪುಟದ ಅಕ್ಷರ ಇನ್ನೊಂದು ಪುಟಕ್ಕೆ ಎದ್ದು ಬರ್ತದೆ. ಓದೋಕೆ ಸಿಕ್ಕಿದ ಪುಟದಲ್ಲಿ ತೆಲಂಗಾಣ ಅನ್ನೋ ರಾಜ್ಯವೇ ಇಲ್ಲ! ಅದು 2014ರಲ್ಲಿ ಆಗಿದ್ದು. ನಮ್ಮ ಜಿಲ್ಲೆಗೆ 11 ತಾಲೂಕು ಅಂತಿದೆ, ದಾಂಡೇಲಿ ತಾಲೂಕಾಗಿ ವರ್ಷಗಳೇ ಆದ್ವು. ಇದನ್ನ ಓದ್ಕೊಂಡು ಪರೀಕ್ಷೆಗೆ ಹೋದ ಮಕ್ಕಳು ಎಂತ ಬರೀಬೇಕು?

ಮರುದಿನ ನಾನೇ ಹೋದೆ. ಕಾದಂಬರಿ ಕಪಾಟಿನ ಮೇಲೆ ನೀಲಿ ತಾಡಪತ್ರಿ, ಕೆಳಗೆ ಬಕೆಟ್, ಗೋಡೆ ಬದಿಯ ಸಾಲಿಗೆ ಒರಲೆ ಹತ್ತಿದೆ. ಇಲ್ಲಿ ಜೂನಿಂದ ಸೆಪ್ಟೆಂಬರ್ ತನಕ ಎಷ್ಟು ಮಳೆ ಹೊಯ್ತದೆ ಅಂತ ಯಾರಿಗೆ ಗೊತ್ತಿಲ್ಲ ಮಾರಾಯ್ರೆ? ಹಂಚು ಸರಿ ಮಾಡ್ಸೋಕೆ ಮೇ ತಿಂಗಳು ಸಾಕಿತ್ತು. ಅಲ್ಲಿ ಕೂತಿರೋ ಅಕ್ಕೋರ ಮೇಲೆ ನಂಗೆ ಸಿಟ್ಟಿಲ್ಲ, ಪಾಪ, ಅವರೇ ಮನೆಯಿಂದ ಹಳೆ ಬಟ್ಟೆ ತಂದು ಪುಸ್ತಕ ಒರೆಸ್ತಾ ಇದ್ರು. ಅವರು ಹೇಳಿದ್ದು ಇಷ್ಟೇ, "ಕರದ ದುಡ್ಡು ನಮಗೆ ಬಂದೇ ಇಲ್ಲ ಸರ್, ಬರೆದೂ ಬರೆದೂ ಸಾಕಾಯ್ತು." ತೆರಿಗೆ ಕಟ್ಟಿಸ್ಕೊಳ್ಳೋ ಆಫೀಸಿಗೆ ಹೋಗಿ ಕೇಳಿದ್ರೆ, ಬೇರೆ ಖರ್ಚಿಗೆ ಹೋಗಿರ್ಬೇಕು, ಮುಂದಿನ ವರ್ಷ ನೋಡುವ ಅಂದ್ರು. ಮುಂದಿನ ವರ್ಷ ಅಂದ್ರೆ ಎಂತ? ನನ್ನ ರಸೀದಿಯಲ್ಲಿ ಗ್ರಂಥಾಲಯ ಕರ ಅಂತ ಅಚ್ಚಾಗಿದೆ, ಆ ದುಡ್ಡು ಲೈಬ್ರರಿಗೇ ಹೋಗ್ಬೇಕು, ಬೇರೆ ಖರ್ಚಿಗೆ ತೆಗೆಯೋಕೆ ನಾನು ಕೊಟ್ಟಿಲ್ಲ.

ಇನ್ನೊಬ್ರು ಬುದ್ಧಿ ಹೇಳಿದ್ರು, ಡಿಜಿಟಲ್ ಲೈಬ್ರರಿ ಇದೆಯಲ್ಲ, ಮೊಬೈಲಲ್ಲೇ ಓದ್ಲಿ ಅಂತ. ಗಾಳಿಮಳೆಗೆ ಕರೆಂಟು ಹೋದ್ರೆ ಟವರೂ ಹೋಗ್ತದೆ, ಜೋಯ್ಡಾ ಕಡೆಯ ಹಳ್ಳಿಗಳಲ್ಲಂತೂ ಸಿಗ್ನಲ್‌ಗೆ ಗುಡ್ಡ ಹತ್ಬೇಕು. ಹಳ್ಳಿ ಲೈಬ್ರರಿಗಳನ್ನ 2019ರಲ್ಲಿ ಪಂಚಾಯತ್ ರಾಜ್ ಇಲಾಖೆಗೆ ಕೊಟ್ರು, ಅರಿವು ಕೇಂದ್ರ ಅಂತ ಹೆಸರೂ ಇಟ್ರು, ಒಳ್ಳೇದೇ, ಆದ್ರೆ ಬೋರ್ಡ್ ಬದಲಾದ ಹಾಗೆ ಒಳಗಿನ ಪುಸ್ತಕವೂ ಬದಲಾಗ್ಬೇಕಲ್ಲ!

ಮಾಹಿತಿ ಹಕ್ಕಿನಡಿ 10 ರೂಪಾಯಿ ಕಟ್ಟಿ ಅರ್ಜಿ ಹಾಕಿದೀನಿ. ಐದು ವರ್ಷದಲ್ಲಿ ಗ್ರಂಥಾಲಯ ಕರ ಎಷ್ಟು ವಸೂಲಾಯ್ತು, ಅದರಲ್ಲಿ ಲೈಬ್ರರಿಗೆ ಎಷ್ಟು ಕೊಟ್ರಿ, ಅಷ್ಟೇ ಕೇಳಿದ್ದು. 30 ದಿನದೊಳಗೆ ಉತ್ತರ ಕೊಡ್ಬೇಕು. ಇವತ್ತಿಗೆ 11 ದಿನ ಆಯ್ತು. ನೀವೂ ನಿಮ್ಮ ರಸೀದಿ ತೆಗೆದು ನೋಡಿ.