ದೇಹವನ್ನು ಒಪ್ಪಿಕೊಂಡವರಿಗೂ ರಕ್ತಪರೀಕ್ಷೆ ಬೇಕು

ದಪ್ಪಗಿರುವವರನ್ನು ಕಂಡ ಕೂಡಲೇ ಬುದ್ಧಿ ಹೇಳಲು ಮುಂದಾಗುವವರೂ, ‘ನನ್ನ ದೇಹ ನನ್ನಿಷ್ಟ’ ಎಂದು ತಪಾಸಣೆಯ ಮಾತನ್ನೇ ದೂರವಿಟ್ಟವರೂ ಪುಣೆಯ ನಮ್ಮ ಕನ್ನಡಿಗರ ಬಳಗದಲ್ಲಿ ಸಾಕಷ್ಟು ಮಂದಿ ಇದ್ದಾರೆ. ಒಬ್ಬರಿಗೊಬ್ಬರು ವಿರೋಧಿಗಳಂತೆ ಕಂಡರೂ, ರೂಪವನ್ನೂ ಆರೋಗ್ಯವನ್ನೂ ಒಂದೇ ಎಂದು ತಿಳಿಯುವುದರಲ್ಲಿ ಇಬ್ಬರೂ ಒಂದೇ ಎಂಬುದು ನನ್ನ ಅಭಿಪ್ರಾಯ. ದೇಹದ ಬಗ್ಗೆ ನಾಚಿಕೆ ಬೇಡ ಎಂಬ ಮಾತನ್ನು ನಾನು ಮನಃಪೂರ್ವಕವಾಗಿ ಒಪ್ಪುತ್ತೇನೆ. ಆ ಕಾರಣಕ್ಕೇ, ಅದರ ಆರೈಕೆಯನ್ನು ಬಿಡಬಾರದು ಎಂದೂ ಹೇಳುತ್ತೇನೆ.

ಗಾತ್ರ ನೋಡಿ ಆರೋಗ್ಯವನ್ನು ಅಳೆಯಲಾಗದು ಎಂಬುದಕ್ಕೆ ನಮ್ಮ ಊರಿನಲ್ಲೇ ಸಾಕ್ಷಿಯಿದೆ. ಇಲ್ಲಿನ ಕೆಇಎಂ ಆಸ್ಪತ್ರೆಯ ಡಾ. ಚಿತ್ತರಂಜನ್ ಯಾಜ್ಞಿಕ್ ಮತ್ತು ಲಂಡನ್ನಿನ ವೈದ್ಯ ಜಾನ್ ಯುಡ್ಕಿನ್ ಅವರು ತಮ್ಮ ದೇಹಗಳನ್ನೇ ಹೋಲಿಸಿ 2004ರಲ್ಲಿ ‘ಲ್ಯಾನ್ಸೆಟ್’ ಪತ್ರಿಕೆಯಲ್ಲಿ ಬರೆದರು. ಇಬ್ಬರ ಬಿಎಂಐ (ಎತ್ತರಕ್ಕೆ ಹೋಲಿಸಿದ ತೂಕದ ಅಳತೆ) ಕೂಡ 22.3, ಆದರೆ ಯುಡ್ಕಿನ್ ಅವರ ದೇಹದಲ್ಲಿ ಕೊಬ್ಬು ಶೇ. 9.1 ಇದ್ದರೆ, ಯಾಜ್ಞಿಕ್ ಅವರಲ್ಲಿ ಶೇ. 21.2 ಇತ್ತು. ತೆಳ್ಳಗೆ ಕಾಣುವ ಭಾರತೀಯರ ಹೊಟ್ಟೆಯೊಳಗೆ ಕೊಬ್ಬು ಸೇರಿಕೊಳ್ಳುವುದರಿಂದಲೇ ನಮ್ಮವರಿಗೆ ಅಧಿಕ ತೂಕದ ಬಿಎಂಐ ಮಿತಿಯನ್ನು 25ರ ಬದಲು 23ಕ್ಕೆ ಇಳಿಸಲಾಗಿದೆ, ಸೊಂಟದ ಸುತ್ತಳತೆಯನ್ನು ಗಂಡಸರಲ್ಲಿ 90 ಸೆಂ.ಮೀ., ಹೆಂಗಸರಲ್ಲಿ 80 ಸೆಂ.ಮೀ. ಒಳಗಿರಲಿ ಎಂದು ಹೇಳಲಾಗುತ್ತದೆ. ಹೀಗಿದ್ದೂ ಮದುವೆಮನೆಯಲ್ಲಿ ತೆಳ್ಳಗಿರುವ ಮಾವನವರಿಗೆ ಹೊಗಳಿಕೆ, ದಪ್ಪಗಿರುವ ಸೊಸೆಗೆ ಉಪದೇಶ. ಇಬ್ಬರ ರಕ್ತದ ವರದಿಯನ್ನೂ ಯಾರೂ ನೋಡಿರುವುದಿಲ್ಲ.

ನಾಚಿಕೆಯಿಂದ ಆಗುವ ನಿಜವಾದ ಹಾನಿಯನ್ನು ನಾನು ಒಂದು ಆರೋಗ್ಯ ಶಿಬಿರದಲ್ಲಿ ಕಣ್ಣಾರೆ ಕಂಡೆ. ತೂಕದ ಯಂತ್ರವನ್ನು ಬಾಗಿಲಲ್ಲೇ ಇಟ್ಟು, ಪ್ರತಿಯೊಬ್ಬರ ತೂಕವನ್ನು ಬರೆದುಕೊಳ್ಳುವವರಿಗೆ ಕೇಳಿಸುವಂತೆ ಕೂಗಿ ಹೇಳಲಾಗುತ್ತಿತ್ತು. ನನ್ನ ಮುಂದೆ ನಿಂತಿದ್ದ ಧಾರವಾಡ ಕಡೆಯ ಹುಡುಗಿ, ‘ಅಕ್ಕಾ, ನಾ ಆಮ್ಯಾಲೆ ಬರ್ತೀನ್ರಿ’ ಎಂದು ಚಪ್ಪಲಿ ಮೆಟ್ಟಿಕೊಂಡು ಹೊರಟುಹೋದಳು. ಅವಳ ತಂದೆ, ತಾಯಿ ಇಬ್ಬರಿಗೂ ಸಕ್ಕರೆ ಕಾಯಿಲೆ ಇದೆ. ಸಕ್ಕರೆ ಪರೀಕ್ಷಿಸುವ ಮೇಜು ಅಲ್ಲಿಂದ ನಾಲ್ಕು ಹೆಜ್ಜೆ ದೂರದಲ್ಲಿತ್ತು. 2023ರಲ್ಲಿ ಪ್ರಕಟವಾದ ಭಾರತೀಯ ವೈದ್ಯಕೀಯ ಸಂಶೋಧನಾ ಮಂಡಳಿಯ (ಐಸಿಎಂಆರ್) ಅಧ್ಯಯನದ ಪ್ರಕಾರ ದೇಶದಲ್ಲಿ 10.1 ಕೋಟಿ ಮಧುಮೇಹಿಗಳಿದ್ದು, ಆ ಅಂಚಿನಲ್ಲಿರುವವರು 13.6 ಕೋಟಿ. ಅಂಚಿನಲ್ಲಿರುವಾಗ ದೇಹ ಸಾಮಾನ್ಯವಾಗಿ ಯಾವ ಸೂಚನೆಯನ್ನೂ ಕೊಡುವುದಿಲ್ಲ, ಪರೀಕ್ಷೆಯಿಂದಷ್ಟೇ ತಿಳಿಯುತ್ತದೆ. ಅಂಥ ಪರೀಕ್ಷೆಯಿಂದ ಒಬ್ಬ ಹುಡುಗಿಯನ್ನು ಹಿಂದಕ್ಕೆ ಕಳಿಸಿದ ಆ ಕೂಗನ್ನು ಕಾಳಜಿ ಎಂದು ಕರೆಯಲು ನನಗೆ ಸಾಧ್ಯವಿಲ್ಲ.

ಇನ್ನು ವ್ಯಾಯಾಮದ ವಿಷಯ. ಬೆಳಗ್ಗೆ ಪರ್ವತಿಯ ಮೆಟ್ಟಿಲು ಹತ್ತಲು, ತಳಜಾಯಿ ಗುಡ್ಡದಲ್ಲಿ ನಡೆಯಲು ಶುರುಮಾಡಿದ ಎಷ್ಟೋ ಗೆಳತಿಯರು, ‘ಒಂದು ಕಿಲೋ ಕೂಡ ಇಳಿಯಲಿಲ್ಲ’ ಎಂದು ಬೇಸತ್ತು ನಿಲ್ಲಿಸಿಬಿಡುತ್ತಾರೆ. ನಡೆಯುವಾಗ ಸ್ನಾಯುಗಳು ರಕ್ತದಲ್ಲಿನ ಸಕ್ಕರೆಯನ್ನು ಬಳಸಿಕೊಳ್ಳುತ್ತವೆ. ತೂಕ ಇದ್ದಷ್ಟೇ ಇದ್ದರೂ ರಕ್ತದೊತ್ತಡ ಇಳಿಯಬಹುದು, ನಿದ್ದೆ ಸುಧಾರಿಸಬಹುದು. ವಿಶ್ವ ಆರೋಗ್ಯ ಸಂಸ್ಥೆ ವಯಸ್ಕರಿಗೆ ವಾರಕ್ಕೆ ಕನಿಷ್ಠ 150 ನಿಮಿಷಗಳ ಸಾಧಾರಣ ಶ್ರಮದ ಚಟುವಟಿಕೆಯನ್ನು ಸೂಚಿಸುವಾಗ, ಇಂತಿಷ್ಟು ಕಿಲೋ ಇಳಿಯಲೇಬೇಕೆಂಬ ಷರತ್ತನ್ನೇನೂ ಹಾಕಿಲ್ಲ. ಹಾಗೆಂದು ತೂಕಕ್ಕೂ ಕಾಯಿಲೆಗೂ ಸಂಬಂಧವೇ ಇಲ್ಲ ಎನ್ನುವ ವಾದವನ್ನು ನಾನು ಒಪ್ಪುವುದಿಲ್ಲ. ಮಂಡಿನೋವು, ಮಧುಮೇಹ, ಗೊರಕೆಯ ನಡುವೆ ಉಸಿರು ಕಟ್ಟುವ ತೊಂದರೆ, ಇವುಗಳಲ್ಲಿ ತೂಕದ ಪಾತ್ರ ದೊಡ್ಡದು. ಅದನ್ನು ವೈದ್ಯರು ರೋಗಿಯ ಮುಂದೆ ಸ್ಪಷ್ಟವಾಗಿ ಹೇಳಲೇಬೇಕು. ಅದು ಹೇಳಬೇಕಾದ ಜಾಗ ತಪಾಸಣೆಯ ಕೋಣೆ, ಊಟದ ಪಂಕ್ತಿಯಲ್ಲ.

ಇಂಥ ಶಿಬಿರಗಳನ್ನು ಏರ್ಪಡಿಸುವ ನಮ್ಮ ಹಿರಿಯರಲ್ಲಿ ಒಂದು ವಿನಂತಿ: ತೂಕದ ಯಂತ್ರವನ್ನು ಪರದೆಯ ಹಿಂದೆ ಇಡಿ, ಸಂಖ್ಯೆಯನ್ನು ಚೀಟಿಯಲ್ಲಿ ಬರೆದು ಅವರವರ ಕೈಗೇ ಕೊಡಿ. ಬಿಪಿ ನೋಡಲು ದೊಡ್ಡ ಅಳತೆಯ ಪಟ್ಟಿಯೂ ಒಂದಿರಲಿ, ಏಕೆಂದರೆ ದಪ್ಪ ತೋಳಿಗೆ ಚಿಕ್ಕ ಪಟ್ಟಿ ಸುತ್ತಿದರೆ ರಕ್ತದೊತ್ತಡ ಇರುವುದಕ್ಕಿಂತ ಹೆಚ್ಚಾಗಿ ತೋರುತ್ತದೆ.