ರಾಯಭಾರ ಕಚೇರಿಯಲ್ಲಿ ಒಂದೇ ದಿನಕ್ಕೆ ಮದುವೆಯಾಗುವುದಿಲ್ಲ

‘ಪಾಸ್‌ಪೋರ್ಟ್ ಹಿಡಿದು ವಿದೇಶದ ಭಾರತೀಯ ರಾಯಭಾರ ಕಚೇರಿಗೆ ಹೋದರೆ ಅದೇ ದಿನ ಮದುವೆ ಮಾಡಿಸುತ್ತಾರೆ’ ಎಂಬ ಸಂದೇಶ ವಾಟ್ಸ್‌ಆ್ಯಪ್‌ನಲ್ಲಿ ಹರಿದಾಡುತ್ತಿದೆ. ಇದು ತಪ್ಪು.

1969ರ ವಿದೇಶಿ ವಿವಾಹ ಕಾಯ್ದೆಯಂತೆ ವಧೂವರರಲ್ಲಿ ಒಬ್ಬರಾದರೂ ಭಾರತದ ಪ್ರಜೆಯಾಗಿರಬೇಕು. ಮದುವೆ ನಡೆಸುವ ಅಲ್ಲಿನ ವಿವಾಹಾಧಿಕಾರಿಗೆ ಮದುವೆಯ ನೋಟಿಸ್ ಕೊಡುವ ಮುನ್ನ ಇಬ್ಬರಲ್ಲಿ ಒಬ್ಬರು ಕನಿಷ್ಠ 30 ದಿನ ಆ ಅಧಿಕಾರಿಯ ವ್ಯಾಪ್ತಿಯಲ್ಲೇ ವಾಸವಿರಬೇಕು. ಆ ನೋಟಿಸಿನ ಪ್ರತಿಯನ್ನು ಕಚೇರಿಯಲ್ಲಿ ಎಲ್ಲರ ಕಣ್ಣಿಗೆ ಬೀಳುವಂತೆ ಅಂಟಿಸುತ್ತಾರೆ, ಭಾರತದಲ್ಲೂ ಪ್ರಕಟಿಸುತ್ತಾರೆ. ಆಕ್ಷೇಪಣೆಗೆ ಮತ್ತೆ 30 ದಿನ. ವಾರದ ಪ್ರವಾಸಿ ವೀಸಾದಲ್ಲಿ ಇದು ಮುಗಿಯುವ ಮಾತೇ? ವರನಿಗೆ 21, ವಧುವಿಗೆ 18 ತುಂಬಿರಬೇಕು, ಮೂವರು ಸಾಕ್ಷಿಗಳು ಬೇಕು.

ಆಯಾ ದೇಶದ ಕಾನೂನಿನಡಿ ಮದುವೆಯಾಗುವುದು ಬೇರೆಯೇ ದಾರಿ. ಅದರ ನಿಯಮಗಳೂ ಬೇರೆ. ಇಂಥ ಸಂದೇಶ ನಂಬಿ ಸಾಲ ಮಾಡಿ ವಿಮಾನದ ಟಿಕೆಟ್ ಕೊಳ್ಳುವವರಿದ್ದಾರೆ. ದಯವಿಟ್ಟು ಆ ಸಂದೇಶವನ್ನು ಮುಂದೆ ಕಳುಹಿಸಬೇಡಿ.