ರೆಡ್ಡಿ–ಸ್ವಾಮಿ ಲೆಕ್ಕ ಬಿಟ್ಟು ರಮೇಶ್ ಕುಮಾರ್ ಅವರನ್ನು ನೋಡೋಣ

ಕೋಲಾರ ಜಿಲ್ಲೆಯ ನಮ್ಮ ಶ್ರೀನಿವಾಸಪುರದಲ್ಲಿ ಎಲೆಕ್ಷನ್ ಬಂದರೆ ಪಾರ್ಟಿ ಹೆಸರು ಆಮೇಲೆ. ಮೊದಲು ಕೇಳೋದು "ನೀವು ಸ್ವಾಮಿ ಕಡೆಯೋರಾ, ರೆಡ್ಡಿ ಕಡೆಯೋರಾ" ಅಂತ. ಸ್ವಾಮಿ ಅಂದರೆ ಕೆ.ಆರ್. ರಮೇಶ್ ಕುಮಾರ್. ರೆಡ್ಡಿ ಅಂದರೆ ಜಿ.ಕೆ. ವೆಂಕಟಶಿವಾರೆಡ್ಡಿ. 1978ರಲ್ಲಿ ಸ್ವಾಮಿ ಮೊದಲ ಸಲ ಗೆದ್ದರು. 83ರಲ್ಲಿ ರೆಡ್ಡಿ, 85ರಲ್ಲಿ ಸ್ವಾಮಿ, 89ರಲ್ಲಿ ರೆಡ್ಡಿ, 94ರಲ್ಲಿ ಸ್ವಾಮಿ, 99ರಲ್ಲಿ ರೆಡ್ಡಿ, 2004ರಲ್ಲಿ ಸ್ವಾಮಿ, 2008ರಲ್ಲಿ ರೆಡ್ಡಿ, 2013ರಲ್ಲಿ ಸ್ವಾಮಿ. 2018ರಲ್ಲಿ ಸ್ವಾಮಿಯೇ ಮತ್ತೆ ಗೆದ್ದು ಆ ಸರದಿ ಮುರಿದರು. 2023ರಲ್ಲಿ ಪುನಃ ರೆಡ್ಡಿ. ಇಡೀ ರಾಜ್ಯದಲ್ಲಿ ಇಂಥ ಇನ್ನೊಂದು ಕ್ಷೇತ್ರ ಹುಡುಕೋದು ಕಷ್ಟ.

ಈ ಸೋಲು ಗೆಲುವಿನ ಲೆಕ್ಕದಲ್ಲೇ ನಾವು ಮುಳುಗಿಬಿಟ್ಟಿದ್ದೀವಿ ಅನ್ನೋದು ನನ್ನ ಬೇಸರ. ಆರು ಸಲ ಶಾಸಕರಾಗಿ, ಎರಡು ಸಲ ಸ್ಪೀಕರ್ ಆಗಿ, ಆರೋಗ್ಯ ಸಚಿವರಾಗಿ ಇದ್ದ ಮನುಷ್ಯ ಸದನದೊಳಗೆ ಏನು ಮಾಡಿದರು ಅಂತ ನಮ್ಮ ತಾಲ್ಲೂಕಿನಲ್ಲೇ ಮಾತಾಡೋರು ಕಡಿಮೆ. ಮದುವೆಗೆ ಬಂದರಾ, ಸಾವಿಗೆ ಬಂದರಾ, ಊರಿಗೆ ರಸ್ತೆ ಹಾಕಿಸಿದರಾ, ಇಷ್ಟರಲ್ಲೇ ಅಳೆದು ಮುಗಿಸುತ್ತೀವಿ.

ನನ್ನ ಮಟ್ಟಿಗೆ ಅವರ ಇಡೀ ರಾಜಕೀಯ ಜೀವನದ ದೊಡ್ಡ ಕೆಲಸ 2017ರ ಕೆಪಿಎಂಇ ತಿದ್ದುಪಡಿ. ಖಾಸಗಿ ಆಸ್ಪತ್ರೆಗಳಿಗೆ ಅಂಕುಶ ಹಾಕೋ ಕಾಯ್ದೆ. ಯಾಕೆ ಹೀಗೆ ಹೇಳ್ತೀನಿ ಅಂದರೆ, ಅದಕ್ಕೂ ಎಷ್ಟೋ ವರ್ಷ ಮೊದಲು ನಮ್ಮ ದೊಡ್ಡಪ್ಪ ಒಂದು ಖಾಸಗಿ ಆಸ್ಪತ್ರೆಯಲ್ಲಿ ರಾತ್ರಿ ಹೊತ್ತು ತೀರಿಕೊಂಡರು. ಬಿಲ್ ಪೂರ್ತಿ ಕಟ್ಟೋವರೆಗೂ ಬಾಡಿ ಕೊಡಲ್ಲ ಅಂದರು ಕೌಂಟರಿನಲ್ಲಿದ್ದವರು. ದೊಡ್ಡಮ್ಮ ಕೈಯಲ್ಲಿದ್ದ ಬಳೆ ಬಿಚ್ಚಿ ಕರ್ಚೀಫಿನಲ್ಲಿ ಕಟ್ಟಿ ಅಣ್ಣನ ಕೈಗೆ ಕೊಟ್ಟರು. ಗಿರವಿ ಅಂಗಡಿ ಬಾಗಿಲು ತೆಗೆಯೋವರೆಗೂ ಅಣ್ಣ ಅಂಗಡಿ ಮುಂದಿನ ಕಟ್ಟೆ ಮೇಲೆ ಕೂತಿದ್ದ. ಊರಲ್ಲಿ ನೆಂಟರೆಲ್ಲ ಸೇರಿ ಕಾಯ್ತಾ ಇದ್ದರು.

ಬಿಲ್ ಬಾಕಿ ಇದೆ ಅಂತ ಹೆಣ ತಡೆಹಿಡಿಯೋ ಹಾಗಿಲ್ಲ ಅಂತ ಆ ತಿದ್ದುಪಡಿ ಹೇಳಿತು. ತುರ್ತು ಚಿಕಿತ್ಸೆಗೆ ಬಂದವರ ಹತ್ತಿರ ಮೊದಲು ಅಡ್ವಾನ್ಸ್ ಕಟ್ಟಿ ಅನ್ನೋ ಹಾಗೂ ಇಲ್ಲ. ರೋಗಿಗಳ ಹಕ್ಕುಗಳೂ ಕಾಯ್ದೆಯೊಳಗೆ ಬಂದವು. ಇವತ್ತಿಗೂ ಇದು ಗೊತ್ತಿಲ್ಲದೆ ಕೌಂಟರಿನ ಮುಂದೆ ಕೈಮುಗಿದು ನಿಲ್ಲೋರು ಇದ್ದಾರೆ. ದಯವಿಟ್ಟು ಈ ಎರಡು ಮಾತನ್ನಾದರೂ ನಿಮ್ಮ ಮನೆಯವರಿಗೆ ಹೇಳಿ.

ಆದರೆ ರಮೇಶ್ ಕುಮಾರ್ ಮೊದಲು ತಂದ ಮಸೂದೆ ಇದಕ್ಕಿಂತ ಬಿಗಿಯಾಗಿತ್ತು. ಚಿಕಿತ್ಸೆಯ ದರವನ್ನು ಸರ್ಕಾರವೇ ನಿಗದಿ ಮಾಡಬೇಕು, ಮೀರಿ ವಸೂಲಿ ಮಾಡಿದರೆ ಜೈಲು ಅಂತ ಅದರಲ್ಲಿತ್ತು. ಆ ವರ್ಷ ನವೆಂಬರಿನಲ್ಲಿ ಬೆಳಗಾವಿ ಅಧಿವೇಶನದ ಹೊತ್ತಿಗೆ ರಾಜ್ಯದ ಖಾಸಗಿ ವೈದ್ಯರು ಮುಷ್ಕರ ಹೂಡಿದರು, ಹೊರರೋಗಿ ವಿಭಾಗಗಳು ಮುಚ್ಚಿದವು, ಜನ ಪರದಾಡಿದರು. ಸರ್ಕಾರಿ ಆಸ್ಪತ್ರೆಗಳನ್ನೂ ಇದೇ ಕಾಯ್ದೆಯೊಳಗೆ ತನ್ನಿ ಅನ್ನೋ ವೈದ್ಯರ ವಾದದಲ್ಲೂ ನ್ಯಾಯ ಇತ್ತು ಅಂತ ನಾನು ಒಪ್ಪುತ್ತೀನಿ. ಕೊನೆಗೆ ಮುಖ್ಯಮಂತ್ರಿ ಸಿದ್ದರಾಮಯ್ಯ ಮಧ್ಯೆ ಬಂದು ಮಾತುಕತೆ ಆಗಿ, ಹಲ್ಲು ಕಿತ್ತ ಮಸೂದೆ ಪಾಸಾಯಿತು. ದುಬಾರಿ ಬಿಲ್ ಮಾಡಿದವರಿಗೆ ಜೈಲು ಅನ್ನೋದು ಹೋಯಿತು. ಸ್ವಂತ ಪಕ್ಷದೊಳಗೇ ಅವರ ಬೆನ್ನಿಗೆ ನಿಂತವರು ಸಾಲಲಿಲ್ಲ. ಅವತ್ತು ನಮ್ಮ ತಾಲ್ಲೂಕಿನಿಂದ ಒಂದು ಮೆರವಣಿಗೆಯಾದರೂ ಹೊರಡಬೇಕಿತ್ತು. ಹೊರಡಲಿಲ್ಲ.

ಸ್ಪೀಕರ್ ಕುರ್ಚಿ ಬಗ್ಗೆ ಎಲ್ಲರಿಗೂ ಗೊತ್ತಿದೆ. 1994ರಿಂದ 99ರವರೆಗೆ ಒಮ್ಮೆ, 2018ರ ಮೇ ತಿಂಗಳಲ್ಲಿ ಅವಿರೋಧವಾಗಿ ಇನ್ನೊಮ್ಮೆ. 2019ರ ಜುಲೈ ಅಂತೂ ಟಿವಿ ಮುಂದಿನಿಂದ ಯಾರೂ ಏಳಲಿಲ್ಲ. ಕುಮಾರಸ್ವಾಮಿ ಸರ್ಕಾರ ವಿಶ್ವಾಸಮತದಲ್ಲಿ 99–105ರಲ್ಲಿ ಬಿತ್ತು. ಅದಾದ ಮೇಲೆ ಸ್ವಂತ ಪಕ್ಷಗಳ ವಿರುದ್ಧ ಬಂಡೆದ್ದ ಒಟ್ಟು 17 ಶಾಸಕರನ್ನು ಅನರ್ಹ ಮಾಡಿ, ಯಡಿಯೂರಪ್ಪ ವಿಶ್ವಾಸಮತ ಗೆದ್ದ ದಿನವೇ ಇವರು ರಾಜೀನಾಮೆ ಕೊಟ್ಟರು. ನವೆಂಬರಿನಲ್ಲಿ ಸುಪ್ರೀಂ ಕೋರ್ಟ್ ಅನರ್ಹತೆಯನ್ನು ಎತ್ತಿಹಿಡಿಯಿತು, ಆದರೆ 2023ರವರೆಗೆ ಸ್ಪರ್ಧಿಸಬಾರದು ಅನ್ನೋ ಭಾಗವನ್ನು ರದ್ದು ಮಾಡಿತು. ಡಿಸೆಂಬರಿನ ಉಪಚುನಾವಣೆಯಲ್ಲಿ ಅವರಲ್ಲಿ ಹೆಚ್ಚಿನವರು ಗೆದ್ದು ಬಂದರು. ರಮೇಶ್ ಕುಮಾರ್ ಕೂಡ 85ರಲ್ಲಿ ಜನತಾ ಪಕ್ಷ, 94ರಲ್ಲಿ ಜನತಾ ದಳ, ಆಮೇಲೆ ಕಾಂಗ್ರೆಸ್ ಅಂತ ಬದಲಾದವರೇ ಅಲ್ಲವಾ ಅಂತ ಕೇಳೋರಿದ್ದಾರೆ. ಕೇಳಬೇಕಾದ ಪ್ರಶ್ನೆಯೇ. ಆದರೂ ಕುರ್ಚಿಯಲ್ಲಿ ಕೂತು ಅವರು ಕೊಟ್ಟ ತೀರ್ಮಾನದ ಮುಖ್ಯ ಭಾಗ ದೇಶದ ದೊಡ್ಡ ಕೋರ್ಟಿನಲ್ಲಿ ನಿಂತಿತು ಅನ್ನೋದನ್ನು ತಳ್ಳಿಹಾಕೋಕಾಗಲ್ಲ.

ಇಷ್ಟು ಹೇಳಿ ಇದನ್ನು ಹೇಳದಿದ್ದರೆ ತಪ್ಪಾಗುತ್ತೆ. 2021ರ ಡಿಸೆಂಬರಿನಲ್ಲಿ ಅದೇ ಬೆಳಗಾವಿ ಸದನದಲ್ಲಿ ಅತ್ಯಾಚಾರ ತಡೆಯೋಕಾಗದಿದ್ದರೆ ಮಲಗಿ ಸುಖಪಡಬೇಕು ಅನ್ನೋ ಅರ್ಥದಲ್ಲಿ ಅವರು ಆಡಿದ ಮಾತು ಕೇಳಿ ನನಗೆ ಮೈಯೆಲ್ಲ ಉರಿಯಿತು. ಮರುದಿನ ಕ್ಷಮೆ ಕೇಳಿದರು. ಆದರೆ ಯಾವ ಪದ ಎಲ್ಲಿ ನಿಲ್ಲಬೇಕು ಅಂತ ಬೇರೆಯವರಿಗೆ ಪಾಠ ಹೇಳಿದ ಮಾಜಿ ಸ್ಪೀಕರ್ ಬಾಯಲ್ಲಿ ಅದು ಬಂತು. ಒಬ್ಬ ಹೆಣ್ಣುಮಗಳಾಗಿ ನಾನು ಅದನ್ನು ಮರೆತಿಲ್ಲ, ಅವರನ್ನು ಮೆಚ್ಚೋವಾಗಲೂ ಮರೆಯಲ್ಲ.

ಇನ್ನು ಕೆ.ಸಿ. ವ್ಯಾಲಿ. ಬೆಂಗಳೂರಿನ ಕೊಳಚೆ ನೀರನ್ನು ಎರಡು ಹಂತ ಶುದ್ಧ ಮಾಡಿ ನಮ್ಮ 126 ಕೆರೆಗಳಿಗೆ ತುಂಬೋ ಯೋಜನೆ. ಜಿಲ್ಲಾ ಉಸ್ತುವಾರಿ ಸಚಿವರಾಗಿ ಇದರ ಹಿಂದೆ ಬಿದ್ದವರು ಇವರೇ. 2018ರ ಜೂನಿನಲ್ಲಿ ಲಕ್ಷ್ಮೀಸಾಗರ ಕೆರೆಗೆ ನೀರು ಬಂದಾಗ ಜನ ಹಬ್ಬ ಮಾಡಿದರು. ಮುಂದಿನ ತಿಂಗಳೇ ನೊರೆ ಎದ್ದಿತು, ವಿಷಯ ಕೋರ್ಟಿಗೆ ಹೋಯಿತು. ಎಷ್ಟೋ ಕಡೆ ಬತ್ತಿದ ಬೋರ್‌ವೆಲ್‌ಗಳಲ್ಲಿ ನೀರು ಕಂಡಿದ್ದು ನಿಜ. ಮೂರನೇ ಹಂತದ ಶುದ್ಧೀಕರಣ ಬೇಕೇ ಬೇಕು ಅಂತ ಹೋರಾಟಗಾರರು ಕೇಳ್ತಿರೋದೂ ಅಷ್ಟೇ ನ್ಯಾಯ. ನೀರು ಕೊಟ್ಟೆವಲ್ಲ, ಇನ್ನೇನು ಅನ್ನೋ ಧಾಟಿಯನ್ನು ನಾನು ಒಪ್ಪಲ್ಲ. ಅದೇ ನೀರು ನಮ್ಮ ಬೋರ್‌ವೆಲ್‌ಗೆ ಇಳಿಯುತ್ತೆ, ಅದನ್ನೇ ನಮ್ಮ ಮಕ್ಕಳು ಕುಡಿಯೋದು.

ಸ್ವಾಮಿ, ರೆಡ್ಡಿ ಇಬ್ಬರನ್ನೂ ಒಟ್ಟಿಗೆ ಕೇಳಬೇಕಾದ್ದು ಮಾವಿನ ವಿಷಯ. ರಾಜ್ಯದಲ್ಲೇ ಹೆಸರಾದ ಮಾವಿನ ತಾಲ್ಲೂಕು ನಮ್ಮದು. ನಮ್ಮ ತೋತಾಪುರಿ ಹೋಗೋದು ಚಿತ್ತೂರು ಕಡೆಯ ತಿರುಳು ಕಾರ್ಖಾನೆಗಳಿಗೆ. 2025ರ ಜೂನಿನಲ್ಲಿ ಅಲ್ಲಿನ ಜಿಲ್ಲಾಡಳಿತ ಹೊರರಾಜ್ಯದ ತೋತಾಪುರಿ ಬರಬಾರದು ಅಂದ ತಕ್ಷಣ ನಮ್ಮ ಮಂಡಿಗಳಲ್ಲಿ ರೇಟು ನೆಲಕಚ್ಚಿತು. ಕಿತ್ತ ಕೂಲಿಯೂ ಹುಟ್ಟಲ್ಲ ಅಂತ ರೈತರು ಹಣ್ಣನ್ನು ರಸ್ತೆಗೆ ಸುರಿದರು. 45 ವರ್ಷ ಸರದಿ ಮೇಲೆ ಗೆದ್ದ ಇಬ್ಬರೂ ಇದಕ್ಕೆ ಉತ್ತರ ಕೊಡಬೇಕು.

2028ಕ್ಕೆ ಯಾರೇ ನಿಲ್ಲಲಿ, ಆ ಮನೆಯ ಮಗನೋ ಈ ಮನೆಯ ಮಗನೋ ಅಥವಾ ಎರಡೂ ಕಡೆ ಸೇರದ ಹುಡುಗಿಯೋ, ನನ್ನ ಪ್ರಶ್ನೆ ಮೂರೇ. 2017ರಲ್ಲಿ ಕೈಬಿಟ್ಟ ದರ ನಿಯಂತ್ರಣವನ್ನು ಸದನದಲ್ಲಿ ಮತ್ತೆ ಎತ್ತುತ್ತೀರಾ? ಕೆರೆಗೆ ಮೂರನೇ ಹಂತ ಶುದ್ಧವಾದ ನೀರು ತರುತ್ತೀರಾ? ನಮ್ಮ ಹಣ್ಣು ನಮ್ಮ ತಾಲ್ಲೂಕಿನಲ್ಲೇ ತಿರುಳಾಗೋ ಹಾಗೆ ಮಾಡುತ್ತೀರಾ? ಸ್ವಾಮಿ ಕಡೆಯವರು, ರೆಡ್ಡಿ ಕಡೆಯವರು ಇಬ್ಬರೂ ಈ ಪೋಸ್ಟ್ ಓದ್ತೀರಿ ಅಂತ ಗೊತ್ತು. ನಿಮ್ಮ ನಾಯಕರ ಉತ್ತರ ಏನು ಅಂತ ಇಲ್ಲೇ ಬರೆಯಿರಿ.